ಕಂಬಕ್ಕೆ ಕೈ ಹಚ್ಚದ ಶೇವಂತೆವ್ವ

ದೇಶಪಾಂಡೆ ನಗರದ ಶಿವಯೋಗೀಶನ ಮನೆಯಲ್ಲಿ ನಡೆದದ್ದನ್ನು ಅವನು ಈಗ ಬೇರೆಯೇ ರೀತಿಯಲ್ಲಿ ಹೇಳಿಕೊಂಡು ತಿರುಗುತ್ತಿದ್ದಾನೆ. ತಿರುಗಲಿ. ಅವನು ಜೀವನದಲ್ಲಿ ಪಟ್ಟ ಶ್ರಮ ಅದೊಂದೇ. ಆದರೆ ಆಗ ಅಲ್ಲಿದ್ದವನು ನಾನು. ನನ್ನ ಹೆಸರು ಗೌತಮ. ಗೋಕುಲ ರಸ್ತೆಯ ಸುತ್ತಮುತ್ತ ಹದಿನೆಂಟು ವರ್ಷದಿಂದ ಮನೆಗಳ ವೈರಿಂಗ್ ಮಾಡುತ್ತಿದ್ದೇನೆ. ಅವನ ಪುರಾಣ ಕೇಳಿದವರು ಶೇವಂತೆವ್ವನ ವಿಷಯವನ್ನೂ ಕೇಳಬೇಕು. ಆಕೆ ತಾನಾಗಿ ಹೇಳುವವಳಲ್ಲ.

ಶೇವಂತೆವ್ವ ಶಿರಗುಪ್ಪಿಯವಳು. ವಯಸ್ಸು ಐವತ್ತರ ಹತ್ತಿರ. ಗೋಡೆ ಕೊರೆಯುವ, ಕಾಂಕ್ರೀಟು ಒಡೆಯುವ ಹ್ಯಾಮರ್ ಮಷಿನ್ನು ಹಿಡಿದು ದುಡಿಯುವ ಹೆಂಗಸು ಹುಬ್ಬಳ್ಳಿಯಲ್ಲಿ ನಾನು ಕಂಡಂತೆ ಆಕೆ ಒಬ್ಬಳೇ. ಮಷಿನ್ನು ಮೊದಲು ಆಕೆಯ ಗಂಡ ಸೋಮಪ್ಪನದಾಗಿತ್ತು. ಹದಿನಾಲ್ಕು ವರ್ಷ ಅದನ್ನು ಹಿಡಿದು ಅವನು ಒಡೆದ ಬಚ್ಚಲುಗಳಿಗೆ ಲೆಕ್ಕವಿಲ್ಲ. ಕೈಗವಸು ಹಾಕಿದವನಲ್ಲ, ನಡುವೆ ಕೈಗೆ ಬಿಡುವು ಕೊಟ್ಟವನಲ್ಲ. ಮೈಭಾರವನ್ನೆಲ್ಲ ಮಷಿನ್ನಿನ ಮೇಲೆ ಹಾಕಿ ಒತ್ತುವುದೇ ಗಂಡಸುತನ ಎಂದು ಅವನಿಗೆ ಕಲಿಸಿದವರು ಹೇಳಿದ್ದರು. ಆ ಗುರುಗಳ ಬಗ್ಗೆ ಶೇವಂತೆವ್ವ ಇವತ್ತಿಗೂ ಒಂದೇ ಮಾತು ಆಡುತ್ತಾಳೆ: "ಕ್ವಾಣಗೋಳು."

ಒಂದು ಚಳಿಗಾಲದ ಬೆಳಿಗ್ಗೆ ಸೋಮಪ್ಪನ ಬೆರಳುಗಳು ಸುಣ್ಣ ಬಳಿದಂತೆ ಬಿಳಿಚಿಕೊಂಡವು. ಚಹಾದ ಕಪ್ಪು ಕೈಯಿಂದ ಜಾರಿ ಬಿತ್ತು, ಜಾರಿದ್ದು ಅವನಿಗೆ ತಿಳಿಯಲೇ ಇಲ್ಲ. ಅಂಗಿಯ ಗುಂಡಿ ಹಾಕಿಕೊಳ್ಳಲು ಹೆಂಡತಿಯನ್ನು ಕರೆಯುವ ಹಾಗಾಯಿತು. ವರ್ಷಗಟ್ಟಲೆ ಮಷಿನ್ನಿನ ನಡುಕ ತಿಂದು ಬೆರಳಿನ ನರ ಸತ್ತಿವೆ, ಇನ್ನು ಅದನ್ನು ಮುಟ್ಟಬೇಡ ಎಂದರು ಡಾಕ್ಟರು. ಕೆಲಸ ಕಲಿಸಿದ ಗುರುಗಳಲ್ಲಿ ಒಬ್ಬನೂ ನೋಡಲು ಬರಲಿಲ್ಲ. ಬಂದವರು ಇಬ್ಬರು, ಅವರೂ ಮಷಿನ್ನನ್ನು ಕೊಡುತ್ತೀರಾ ಎಂದು ಕೇಳಲು.

ಶೇವಂತೆವ್ವ ಕೊಡಲಿಲ್ಲ. ಹತ್ತು ವರ್ಷ ಗಂಡನ ಹಿಂದೆ ಬುಟ್ಟಿಯಲ್ಲಿ ಒಡೆದ ಚೂರು ಹೊತ್ತವಳು ಆಕೆ. ಯಾವ ಗೋಡೆಗೆ ಯಾವ ಬಿಟ್ಟು, ಅಂದರೆ ಮಷಿನ್ನಿಗೆ ಸಿಕ್ಕಿಸುವ ಕೊರೆಯುವ ಮೊನೆ, ಎಲ್ಲಿ ನಿಲ್ಲಿಸಬೇಕು, ಎಲ್ಲಿ ತಪ್ಪಿತು, ಎಲ್ಲವನ್ನೂ ನೋಡಿದ್ದಳು. ಬಾಡಿಗೆ ಮನೆಯ ಹಿತ್ತಲಲ್ಲಿ ಹಳೆಯ ಸಿಮೆಂಟಿನ ಕಟ್ಟೆಯೊಂದಿತ್ತು. ಮಾಲೀಕರನ್ನು ಕೇಳಿ ಒಂದು ತಿಂಗಳು ಅದರ ಮೇಲೆ ಕಲಿತಳು. ಸೋಮಪ್ಪ ಬಾಗಿಲಲ್ಲಿ ಕೂತು ಹೇಳಿಕೊಡುತ್ತಿದ್ದ. ಆದರೆ ಅವನು ಹೇಳಿದ್ದನ್ನೆಲ್ಲ ಆಕೆ ಕೇಳಲಿಲ್ಲ.

"ಒತ್ತು, ಇನ್ನೂ ಒತ್ತು" ಎಂದು ಅವನೆಂದರೆ ಆಕೆ ಮಷಿನ್ನು ನಿಲ್ಲಿಸಿ ತಿರುಗುತ್ತಿದ್ದಳು. "ಒತ್ತಿ ಒತ್ತಿ ನಿಮ್ಮ ಕೈ ಏನಾತು ನೋಡ್ರಿ. ಹೊಡಿಯೂದು ಮಷಿನ್ ಕೆಲಸ. ನಾ ಹಿಡ್ಯಾಕ ಅಷ್ಟ ಅದೇನಿ."

ಮೊದಲ ಕೆಲಸ ಗೋಕುಲ ರಸ್ತೆಯ ಒಂದು ಮನೆಯ ಬಚ್ಚಲು. ಅಲ್ಲಿದ್ದ ಗೌಂಡಿಗಳಿಗೆ ಕೆಲಸಕ್ಕಿಂತ ನಗುವೇ ಹೆಚ್ಚಾಯಿತು. "ಏನವಾ, ರೊಟ್ಟಿ ಬಡಿಯೂದಂತ ತಿಳದಿಯೇನ?" ಎಂದ ಒಬ್ಬ. ಮಧ್ಯಾಹ್ನದ ಊಟದ ಹೊತ್ತಿಗೆ ಹಳೆಯ ಹಾಸುಗಲ್ಲೆಲ್ಲ ಎದ್ದು ಬಂದಿತ್ತು, ಅದರಡಿಯ ನೀರಿನ ಪೈಪಿಗೆ ಒಂದು ಗೀರೂ ಬಿದ್ದಿರಲಿಲ್ಲ. ಅದೇ ವಾರ ಪಕ್ಕದ ಓಣಿಯಲ್ಲಿ ಆ ಗೌಂಡಿ ತಾನೇ ಮಷಿನ್ನು ಹಿಡಿದು ಪೈಪು ಒಡೆದು, ಮನೆಯವರನ್ನು ಎರಡು ದಿನ ನೀರಿಲ್ಲದೆ ಕೂರಿಸಿದ. ಅವನನ್ನು ನೋಡಿ ಯಾರೂ ನಗಲಿಲ್ಲ. ಗಂಡಸು ಒಡೆದರೆ ಅದು ಪೈಪಿನ ತಪ್ಪು.

ನಾನು ಆಕೆಯನ್ನು ಕೆಲಸಕ್ಕೆ ಕರೆಯತೊಡಗಿ ಒಂಬತ್ತು ವರ್ಷವಾಯಿತು. ಗೋಡೆಯ ಮುಂದೆ ನಿಂತರೆ ಆಕೆ ಮೊದಲು ಮಾಡುವುದು ಪ್ರಶ್ನೆ. ಸ್ವಿಚ್ಚಿನ ಬೋರ್ಡು ಎಲ್ಲಿದೆ, ನಲ್ಲಿ ಎಲ್ಲಿದೆ, ಹಿಂದಿನ ಕೋಣೆಯಲ್ಲಿ ಏನಿದೆ. ಬೋರ್ಡಿನ ನೇರ ಮೇಲೆ ಕೆಳಗೆ ಬಿಟ್ಟನ್ನು ಇಡುವುದಿಲ್ಲ, ಅಲ್ಲಿ ವೈರು ಓಡಿರುತ್ತದೆ. ಸಣ್ಣ ಸುತ್ತಿಗೆಯಿಂದ ತಟ್ಟಿ ಕಿವಿಗೊಡುತ್ತಾಳೆ. ಆಮೇಲೆ ವೈರಿನ ಸುರುಳಿಯನ್ನು ಪೂರ್ತಿ ಬಿಚ್ಚುತ್ತಾಳೆ, ಸುತ್ತಿದ್ದಂತೆಯೇ ಬಿಟ್ಟರೆ ಅದು ಬಿಸಿಯಾಗುತ್ತದೆ. ವೈರು ಹೆಗಲ ಹಿಂದಿನಿಂದ ಬರಬೇಕು, ಕಾಲಡಿ ಇರಬಾರದು. ಬಿಟ್ಟಿನ ಬುಡಕ್ಕೆ ಗ್ರೀಸು ಸವರಿ, ಒಳಗೆ ತಳ್ಳಿ ತಿರುಗಿಸಿ, ಹಿಡಿದು ಒಮ್ಮೆ ಜಗ್ಗಿ ನೋಡುತ್ತಾಳೆ. ಮಷಿನ್ನಿನ ಮೇಲೆ ತಿರುಗಿಸುವ ಗುಂಡಿಗೆ ಮೂರು ಚಿತ್ರಗಳಿವೆ: ಬರೀ ಕೊರೆಯಲು ಒಂದು, ಬಡಿಯುತ್ತ ಕೊರೆಯಲು ಒಂದು, ತಿರುಗದೆ ಬರೀ ಬಡಿಯಲು ಇನ್ನೊಂದು. ಶೇವಂತೆವ್ವನಿಗೆ ಅಕ್ಷರ ಬರುವುದಿಲ್ಲ. ಆ ಮೂರು ಚಿತ್ರ ಮಾತ್ರ ಆಕೆಗೆ ಚೆನ್ನಾಗಿ ಬರುತ್ತವೆ. ಡಿಗ್ರಿ ಮುಗಿಸಿ ಆ ಮೂರು ಚಿತ್ರ ಓದಲಾಗದವರನ್ನು ನಾನು ನೋಡಿದ್ದೇನೆ. ಅಂಥವನೊಬ್ಬನೇ ಶಿವಯೋಗೀಶ.

ಹತ್ತಿ ವ್ಯಾಪಾರದಲ್ಲಿ ಅವನ ತಂದೆ ಹೆಸರು ಮಾಡಿದ್ದರು. ಆ ಹೆಸರು ತನ್ನ ಬುದ್ಧಿಯಿಂದ ಬಂದದ್ದು ಎಂದು ಮಗ ನಂಬಿಕೊಂಡಿದ್ದ. ತಂದೆ ಕಟ್ಟಿಸಿದ ಮನೆ ಅದು. ಕೆಳಗೆ ಪಾರ್ಕಿಂಗು. ಅದರ ಹಿಂಬದಿಯಲ್ಲಿ ಶಿವಯೋಗೀಶ ಮತ್ತು ಅವನ ಹೆಂಡತಿ ಭಾಗ್ಯಶ್ರೀ ವಾಸ. ಮೇಲಿನ ಮಹಡಿಯಲ್ಲಿ ಬಾಡಿಗೆಗೆ ಮಂದಾಕಿನಿ ಟೀಚರ್. ನಿವೃತ್ತರಾದ ಮೇಲೆ ಅವರು ಸಂಜೆ ಗಣಿತದ ಪಾಠ ಹೇಳುತ್ತಿದ್ದರು, ಇಪ್ಪತ್ತೈದು ಮಕ್ಕಳು ಬರುತ್ತಿದ್ದರು. ಪಾರ್ಕಿಂಗಿನ ನಡುವೆ ಇದ್ದ ಒಂದು ಕಂಬದ ಮೇಲೆ ಆ ಪಾಠದ ಕೋಣೆಯ ಭಾರವೆಲ್ಲ ನಿಂತಿತ್ತು.

ಶಿವಯೋಗೀಶ ದೊಡ್ಡ ಕಾರು ಬುಕ್ ಮಾಡಿದ್ದ. ಅದು ಬಂದರೆ ಒಳಗೇನೋ ಹಿಡಿಸುತ್ತಿತ್ತು, ಆದರೆ ಕಂಬ ಅಡ್ಡವಾಗಿ ಕಾರಿನ ಬಾಗಿಲು ತೆರೆಯಲು ಬರುತ್ತಿರಲಿಲ್ಲ. ಟೇಪು ಹಿಡಿದು ಅಳೆದದ್ದು ಬುಕ್ ಮಾಡಿದ ಮೇಲೆ.

ನಾನು ಕ್ಯಾಮರಾಗಳಿಗೆ ವೈರು ಎಳೆಯಲು ಹೋಗಿದ್ದೆ. ಶೇವಂತೆವ್ವ ನನ್ನ ಜೊತೆ ಗೋಡೆ ಕೊರೆಯಲು ಬಂದಿದ್ದಳು. ಹತ್ತು ತೂತುಗಳಲ್ಲಿ ಎಂಟು ಮುಗಿದಿದ್ದವು. ಆಗ ಶಿವಯೋಗೀಶ ಬಂದು ಕಂಬದ ಮೇಲೆ ಕೈಯಿಟ್ಟ.

"ಏ ಹೆಣ್ಮಗಳ, ಇದನ್ನ ಈ ಕಡೆ ನಾಕ ಇಂಚ ಕೆತ್ತಿ ಒಗಿ. ಇವತ್ತ ಆಗಬೇಕು."

ಶೇವಂತೆವ್ವ ಮುಖಕ್ಕೆ ಕಟ್ಟಿದ್ದ ಒದ್ದೆ ಬಟ್ಟೆ ಕೆಳಗೆ ಸರಿಸಿದಳು. "ಇದು ಕಾಲಂ ಐತ್ರಿ ಸಾವ್ಕಾರ್ರ. ಇದಕ್ಕ ನಾ ಕೈ ಹಚ್ಚಂಗಿಲ್ಲ."

"ಪೂರ್ತಿ ಒಡಿ ಅಂದ್ನೇನ? ನಾಕ ಇಂಚ."

"ಎರಡ ಇಂಚಿಗೆ ಕಬ್ಬಿಣದ ಸಳಿ ಸಿಗ್ತಾವ್ರಿ. ಆ ಸಳಿ ಬಿಗಿಹಿಡಿದಿದ್ದಕ್ಕ ಮ್ಯಾಲಿನ ಮನಿ ನಿಂತೈತಿ. ಮ್ಯಾಲ ಸಣ್ಣ ಹುಡುಗ್ರು ಕುಂಡ್ರತಾವು."

"ನೀ ಏನ್ ಇಂಜಿನಿಯರ್ ಏನ?"

"ಅಲ್ರಿ. ಇಂಜಿನಿಯರ್ರನ್ನ ಕರಸ್ರಿ. ಅವ್ರು ಹೂಂ ಅಂದ್ರ ಅವ್ರ ಕೈಯಾಗ ಮಷಿನ್ ಕೊಡ್ತೇನಿ, ಅವ್ರ ಹೊಡೀಲಿ."

ಅವನ ಮುಖ ಕೆಂಪೇರಿತು. ಹೆಂಡತಿ ಆಗಷ್ಟೇ ಚಹಾ ತಂದಿದ್ದಳು. ನನಗೂ ಶೇವಂತೆವ್ವನಿಗೂ ಕಾಗದದ ಕಪ್ಪು, ಅವನಿಗೆ ಪಿಂಗಾಣಿಯದು. ಕುಡಿಯುತ್ತ ನನ್ನ ಕಡೆ ತಿರುಗಿ ಹೇಳಿದ: "ಇಂಥಾವ್ರನ್ನ ಎಲ್ಲಿಂದ ಹಿಡಕೊಂಡ ಬರ್ತಿಯೋ ಗೌತಮ? ಹೊಲಸ ಬಳಿಯೋ ಮಂದಿ ಕೈಯಾಗ ಮಷಿನ್ ಕೊಟ್ರ ತಲಿಮ್ಯಾಗ ಕುಂಡ್ರತಾರ."

ಆ ಮಾತು ಎಲ್ಲಿಂದ ಬಂತು, ಯಾರಿಗೆಲ್ಲ ತಾಗುವಂಥದ್ದು ಎಂದು ನನಗೆ ಗೊತ್ತಿತ್ತು. ನನಗೂ ತಾಗಿತ್ತು. ನಾನು ಮಾಡಿದ್ದೇನು? "ನೋಡೂಣ್ರಿ ಸಾಹೇಬ್ರ, ಬ್ಯಾರೆ ಏನರ ಮಾಡೂಣು" ಎಂದು ಹಲ್ಲು ಕಿರಿದೆ. ಆ ಹಲ್ಲುಕಿರಿತ ನೆನಪಾದಾಗಲೆಲ್ಲ ನನ್ನ ಬಗ್ಗೆಯೇ ಹೇಸಿಗೆಯಾಗುತ್ತದೆ. ಶಿವಯೋಗೀಶನಂಥವರು ಬೆಳೆಯುವುದು ನನ್ನಂಥವರು ಹಾಕುವ ಗೊಬ್ಬರದಿಂದಲೇ.

ಶೇವಂತೆವ್ವ ಚಹಾ ಮುಟ್ಟಲಿಲ್ಲ. ಬಟ್ಟೆಯನ್ನು ಮೂಗಿನ ಮೇಲೆ ಎಳೆದುಕೊಂಡು ಉಳಿದ ಎರಡು ತೂತು ಕೊರೆದಳು. ಆಮೇಲೆ ಬಿಟ್ಟನ್ನು ತೆಗೆದು ಒರೆಸಿದಳು, ವೈರು ಸುತ್ತಿದಳು, ಕೆಳಗೆ ಬಿದ್ದ ಧೂಳು ಗುಡಿಸಿದಳು. "ಹೇಳಿದ ಕೆಲಸ ಮುಗೀತು ತಮ್ಮಾ. ನಾ ಬರ್ತೇನಿ" ಎಂದು ನನಗಷ್ಟೇ ಹೇಳಿ ಹೊರಟಳು.

ಮುಂದಿನ ಭಾನುವಾರ ಬೆಳಿಗ್ಗೆ ಕ್ಯಾಮರಾ ಕೂರಿಸಲು ಹೋದಾಗ ಪಾರ್ಕಿಂಗಿನಲ್ಲಿ ಹೊಸ ಡಬ್ಬಿಯೊಂದು ಬಿಚ್ಚಿಕೊಂಡಿತ್ತು. ಶಿವಯೋಗೀಶ ತಾನೇ ಒಂದು ಹ್ಯಾಮರ್ ಮಷಿನ್ನು ಕೊಂಡು ತಂದಿದ್ದ. ಮೊಬೈಲನ್ನು ಬಕೆಟ್ಟಿಗೆ ಒರಗಿಸಿ ಯಾವುದೋ ವಿಡಿಯೋ ನೋಡುತ್ತಿದ್ದ. ಪೂರ್ತಿ ನೋಡುವ ತಾಳ್ಮೆಯೂ ಇರಲಿಲ್ಲ, ಬೆರಳಿನಿಂದ ಮುಂದೆ ಮುಂದೆ ಓಡಿಸುತ್ತಿದ್ದ.

"ನೋಡ ಗೌತಮ, ಇದರಾಗ ಏನೈತಿ ವಿದ್ಯಾ? ಗುಂಡಿ ಒತ್ತೂದು, ಹೊಡಿಯೂದು."

ಕಾಲಲ್ಲಿ ಹವಾಯಿ ಚಪ್ಪಲಿ. ಕಣ್ಣಿಗೆ ಏನೂ ಇಲ್ಲ. ಪಕ್ಕದ ಹಿಡಿಕೆಯನ್ನು ಅಡ್ಡ ಬರುತ್ತದೆಂದು ಬಿಚ್ಚಿ ಡಬ್ಬಿಯಲ್ಲೇ ಬಿಟ್ಟಿದ್ದ. ಕೆತ್ತುವ ಚಪ್ಪಟೆ ಉಳಿಯನ್ನು ಮಷಿನ್ನಿಗೆ ಸಿಕ್ಕಿಸಿದ್ದ, ಗುಂಡಿ ಮಾತ್ರ ಬಡಿಯುತ್ತ ತಿರುಗುವ ಚಿತ್ರದ ಮೇಲಿತ್ತು.

"ಸಾಹೇಬ್ರ, ಉಳಿ ಹಾಕಿದಾಗ ಅದು ತಿರಗಬಾರದ್ರಿ. ಗುಂಡಿ ಈ ಕಡೆ—"

"ನೀ ವೈರ್ ನೋಡಕೋ."

ಇನ್ನೊಮ್ಮೆ ಹೇಳಿದೆ. "ಕಾಲಂ ಮುಟ್ಟಬ್ಯಾಡ್ರಿ, ಮ್ಯಾಲ ಟೀಚರ್ ಅದಾರ." ಅವನು ಕೇಳಿಸಿಕೊಳ್ಳಲಿಲ್ಲ. ಹೊಟ್ಟೆಯನ್ನು ಮಷಿನ್ನಿನ ಹಿಂಬದಿಗೆ ಒತ್ತಿ ಹಿಡಿಕೆಯ ಸ್ವಿಚ್ಚು ಅದುಮಿದ. ಅಷ್ಟೇ ಅಲ್ಲ, ಬೆರಳು ನೋಯುತ್ತದೆಂದು ಆ ಸ್ವಿಚ್ಚು ಒಳಗೇ ನಿಲ್ಲುವ ಹಾಗೆ ಲಾಕು ಮಾಡಿದ. ಮೇಲಿನ ಗಿಲಾಯಿ ಹಪ್ಪಳದಂತೆ ಉದುರಿತು. ಗಿಲಾಯಿ ಎಂದರೆ ಗೋಡೆಗೆ ಹಚ್ಚಿದ ಸಿಮೆಂಟಿನ ಹೊರಮೈ, ಮಕ್ಕಳೂ ಕೆರೆದು ಉದುರಿಸಬಲ್ಲರು. ಅದಕ್ಕೇ ಅವನು ಹೆಂಡತಿಯನ್ನು ಕೂಗಿದ: "ಭಾಗ್ಯಾ, ಬಾ ಇಲ್ಲೆ, ವಿಡಿಯೋ ಮಾಡು!"

ಭಾಗ್ಯಶ್ರೀ ಬಾಗಿಲಿಗೆ ಬಂದಳು, ಮೊಬೈಲು ಎತ್ತಲಿಲ್ಲ. "ಬ್ಯಾಡ್ರಿ, ಸಾಕು ಮಾಡ್ರಿ" ಎಂದಳು. ಅವನು ಇನ್ನಷ್ಟು ಒತ್ತಿದ. ಅಂಗೈಯಗಲದ ಕಾಂಕ್ರೀಟು ಕಳಚಿ ಒಳಗಿನ ಉದ್ದ ಸರಳು ಕಂಡಿತು, ಅದನ್ನು ಸುತ್ತಿದ ರಿಂಗೂ ಕಂಡಿತು. ಅಲ್ಲಿಗಾದರೂ ನಿಲ್ಲಿಸಬೇಕಿತ್ತು. ತಿರುಗುತ್ತಿದ್ದ ಉಳಿ ಸರಳಿಗೂ ರಿಂಗಿಗೂ ನಡುವೆ ಸಿಕ್ಕಿಕೊಂಡಿತು. ಉಳಿ ನಿಂತಿತು, ಮಷಿನ್ನು ತಿರುಗಿತು. ಜೊತೆಗೆ ಅವನ ಬಲಗೈಯೂ ತಿರುಗಿತು. ಒಣ ಕಟ್ಟಿಗೆ ಮುರಿದ ಸದ್ದು ಕೇಳಿಸಿತು. ಅವನು ಕಿರುಚಿ ಕೈಬಿಟ್ಟ, ಲಾಕು ಮಾಡಿದ ಮಷಿನ್ನು ನೆಲಕ್ಕೆ ಬಿದ್ದು ಅವನ ಚಪ್ಪಲಿಯ ಪಕ್ಕದಲ್ಲೇ ನೆಲ ಕುಕ್ಕುತ್ತ ಹೊರಳಾಡಿತು. ನಾನು ಓಡಿಹೋಗಿ ಪ್ಲಗ್ಗು ಕಿತ್ತೆ.

ಮಣಿಕಟ್ಟು ಎರಡು ಕಡೆ ಮುರಿದಿತ್ತು. ಆಸ್ಪತ್ರೆಗೆ ನಾನೇ ಕರೆದುಕೊಂಡು ಹೋದೆ. ದಾರಿಯುದ್ದಕ್ಕೂ ಅವನು ಮಷಿನ್ನು ಮಾರಿದ ಅಂಗಡಿಯವನನ್ನು ಬೈದ. ಕೈಗೆ ಪಟ್ಟಿ ಹಾಕಿಸಿಕೊಂಡು ಹೊರಗೆ ಬಂದ ಕೂಡಲೇ ಆಡಿದ ಮಾತು ಇದು: "ಯಾರನ್ನರ ಕರದು ಆ ತಗ್ಗಿಗೆ ಸಿಮೆಂಟ್ ಬಳಿಸಿ ಬಣ್ಣಾ ಹಚ್ಚಿಸಿಬಿಡು. ಮ್ಯಾಲಿನ ಟೀಚರ್‌ಗೆ ಏನೂ ಹೇಳಬ್ಯಾಡ. ಸುಮ್ನ ತಲಿ ತಿಂತಾಳ."

ಅವನ ಮೇಲೆ ಅಷ್ಟೊತ್ತಿಗೆ ನನಗಿದ್ದ ಅಲ್ಪಸ್ವಲ್ಪ ಕನಿಕರವೂ ಅಲ್ಲಿಗೆ ಮುಗಿಯಿತು. ಕೈ ಮುರಿದುಕೊಂಡದ್ದು ಪೆದ್ದತನ. ಸರಳು ಕಾಣುವಂತೆ ಒಡೆದ ಕಂಬಕ್ಕೆ ಬಣ್ಣ ಹಚ್ಚಿ ಅದರ ಮೇಲೆ ಇಪ್ಪತ್ತೈದು ಮಕ್ಕಳನ್ನು ಕೂರಿಸುವುದಕ್ಕೆ ಬೇರೆ ಹೆಸರಿದೆ.

ನಾನು ನೇರ ಶೇವಂತೆವ್ವನ ಮನೆಗೆ ಹೋದೆ. ಸೋಮಪ್ಪ ಹೊರಗೆ ಕೂತು ಮೊಂಡು ಬೆರಳುಗಳಿಂದ ಬಿಟ್ಟುಗಳಿಗೆ ಗ್ರೀಸು ಸವರುತ್ತಿದ್ದ. ಆಕೆ ನನ್ನ ಮಾತು ಪೂರ್ತಿ ಕೇಳಿದಳು. ಕೈ ಮುರಿದದ್ದರ ಬಗ್ಗೆ ಒಂದು ಪ್ರಶ್ನೆಯನ್ನೂ ಕೇಳಲಿಲ್ಲ. ಕೇಳಿದ್ದು ಇಷ್ಟೇ: "ರಿಂಗ್ ಕಡದಾವೇನು?"

"ಒಂದು ಬಾಗೈತಿ. ಉಳಿ ಅಲ್ಲೇ ಸಿಕ್ಕೊಂಡಿತ್ತು."

"ಟೀಚರ್‌ಗೆ ಹೇಳಿಯೇನು?"

ನಾನು ತಲೆ ತಗ್ಗಿಸಿದೆ. ಆಕೆ ನನ್ನನ್ನು ನೋಡಿದ ನೋಟದಲ್ಲಿ ಶಿವಯೋಗೀಶನಿಗೂ ನನಗೂ ಅಂಥ ವ್ಯತ್ಯಾಸವೇನೂ ಇರಲಿಲ್ಲ. ಚಪ್ಪಲಿ ಮೆಟ್ಟಿಕೊಂಡು, "ನಡಿ" ಎಂದಳು.

ಮಂದಾಕಿನಿ ಟೀಚರ್ ಊಟಕ್ಕೆ ಕೂತಿದ್ದರು. ಶೇವಂತೆವ್ವ ಹೊಸ್ತಿಲ ಹೊರಗೆ ನಿಂತೇ ಹೇಳಿದಳು: "ಅಕ್ಕೋರ, ನಾಳಿಂದ ಹುಡುಗ್ರನ್ನ ಕರೀಬ್ಯಾಡ್ರಿ. ನೀವೂ ಇವತ್ತ ಬ್ಯಾರೆ ಕಡೆ ಹೋಗ್ರಿ. ಕೆಳಗ ಕಾಲಂ ಕೆತ್ತ್ಯಾರ."

ಟೀಚರ್ ಕೈ ತೊಳೆದು ಕೆಳಗಿಳಿದು ಬಂದು ನೋಡಿದರು. ಆಮೇಲೆ, "ಇಂವಗ ಭಾಗಾಕಾರನೂ ಬರ್ತಿರಲಿಲ್ಲ. ಏಳನೇ ಇಯತ್ತೆ ನಮ್ಮ ಸಾಲ್ಯಾಗ ಕಲ್ತಾನ" ಎಂದರು. ಅಲ್ಲಿಯೇ ನಿಂತು ತಮ್ಮ ಇನ್ನೊಬ್ಬ ಹಳೆಯ ವಿದ್ಯಾರ್ಥಿ ಅಂಬರೀಷನಿಗೆ ಫೋನು ಮಾಡಿದರು. ಕಟ್ಟಡಗಳ ಇಂಜಿನಿಯರ್ ಅವನು. ಸಂಜೆಯೊಳಗೆ ಬಂದ, ಕಂಬದ ಸುತ್ತ ಕಬ್ಬಿಣದ ಜಾಕಿಗಳನ್ನು ನಿಲ್ಲಿಸಿ ಮೇಲಿನ ಭಾರಕ್ಕೆ ಆಸರೆ ಕೊಡಿಸಿದ. ಟೀಚರ್ ತಮ್ಮ ತಂಗಿಯ ಮನೆಗೆ ಹೋದರು. ಹೋಗುವ ಮೊದಲು ಪ್ರತಿ ಮಗುವಿನ ಮನೆಗೂ ಫೋನು ಮಾಡಿ, ಯಾಕೆ ಪಾಠವಿಲ್ಲ ಎಂಬುದನ್ನು ಒಂದಕ್ಷರ ಬಿಡದೆ ಹೇಳಿದರು. ಮರುದಿನದಿಂದ ಶಿವಯೋಗೀಶನ ಮನೆಯ ಮುಂದೆ ಹಾದುಹೋಗುವವರೆಲ್ಲ ಬಗ್ಗಿ ಕಂಬ ನೋಡತೊಡಗಿದರು.

ಅಂಬರೀಷ ಹೇಳಿದ ರಿಪೇರಿ ಸಣ್ಣದೇನಾಗಿರಲಿಲ್ಲ. ಸಡಿಲಾದ ಕಾಂಕ್ರೀಟನ್ನಷ್ಟೇ ಬಿಡಿಸಬೇಕು, ಗಟ್ಟಿ ಇದ್ದದ್ದು ಅಲುಗಬಾರದು. ಹೊಸ ಕಾಂಕ್ರೀಟು ಹಿಡಿಯುವಂತೆ ಕಂಬದ ನಾಲ್ಕು ಮೈಯನ್ನೂ ಹಗುರಾಗಿ ಕಚ್ಚು ಮಾಡಬೇಕು. ಬುಡದ ಪಾಯದಲ್ಲಿ ಹದಿನಾರು ತೂತು, ಒಂದೊಂದೂ ಎಂಟು ಇಂಚು ಆಳ, ಹಳೆಯ ಸರಳಿಗೆ ಬಿಟ್ಟು ತಾಗುವಂತಿಲ್ಲ. ಅವುಗಳಲ್ಲಿ ಹೊಸ ಸರಳು ನಿಲ್ಲಿಸಿ ಸುತ್ತ ಹೊಸ ಕಾಂಕ್ರೀಟು ಹಾಕಬೇಕು. "ಕೈ ಭಾಳ ಹಗುರ ಇದ್ದವ್ರು ಬೇಕು" ಎಂದ. ನಾನು ಯಾರ ಹೆಸರು ಹೇಳಿದೆನೆಂದು ಬೇರೆ ಹೇಳಬೇಕಿಲ್ಲ.

ಶಿವಯೋಗೀಶ ಮೊದಲು ಒಪ್ಪಲಿಲ್ಲ. ಬೇರೆ ಇಬ್ಬರನ್ನು ಕರೆಸಿದ. ಒಬ್ಬ ಜಾಕಿಗಳನ್ನು ನೋಡಿಯೇ ವಾಪಸು ಹೋದ. ಇನ್ನೊಬ್ಬ, "ಶೇವಂತೆವ್ವ ಒಲ್ಲೆ ಅಂದ ಕಾಲಂ ಇದ ಹೌದಲ್ಲ?" ಎಂದು ಕೇಳಿ ಹೋದ. ಕೊನೆಗೆ ಭಾಗ್ಯಶ್ರೀಯೇ ನನ್ನ ಜೊತೆ ಶೇವಂತೆವ್ವನ ಮನೆಗೆ ಬಂದಳು.

"ನಿಮ್ಮ ಕಡೆ ಮಾತಾಡಾಕ ನನಗ ಮುಖ ಇಲ್ಲವಾ" ಎಂದಳು. "ಟೀಚರ್ ಸಲುವಾಗಿ ಬರ್ರಿ."

ಶೇವಂತೆವ್ವ ಅವಳನ್ನು ಒಳಗೆ ಕರೆದು ಕೂರಿಸಿದಳು. ಸೋಮಪ್ಪ ಚಹಾ ಮಾಡಿದ. ತಾವು ಕುಡಿಯುವ ಕಪ್ಪಿನಲ್ಲೇ ಅವಳಿಗೂ ಕೊಟ್ಟರು. ಭಾಗ್ಯಶ್ರೀ ಕುಡಿದಳು. ಆಮೇಲೆ ಶೇವಂತೆವ್ವ ಹೇಳಿದಳು: "ಬರ್ತೇನ್ರಿ. ನಾ ಕೆಲಸ ಮಾಡುಮುಂದ ನಿಮ್ಮ ಯಜಮಾನ್ರು ಅಲ್ಲಿ ನಿಂದ್ರಬಾರದು, ಅಷ್ಟ."

ಎರಡೂವರೆ ದಿನ ಕೆಲಸ ನಡೆಯಿತು. ಪಾಯದ ತೂತು ಕೊರೆಯುವಾಗ ಆಕೆ ಆಳ ಅಳೆಯುವ ಕಡ್ಡಿಯನ್ನು ಎಂಟು ಇಂಚಿಗೆ ಬಿಗಿದು, ಎರಡೆರಡು ಇಂಚಿಗೆ ಬಿಟ್ಟನ್ನು ಹೊರಗೆಳೆದು ಧೂಳು ಊದಿಸಿ ಮತ್ತೆ ಇಳಿಸುತ್ತಿದ್ದಳು. ಒಂದು ಕಡೆ ಸದ್ದು ಸ್ವಲ್ಪ ಬದಲಾಯಿತು. ನನಗೆ ಗೊತ್ತೇ ಆಗಲಿಲ್ಲ, ಆಕೆ ತಕ್ಷಣ ನಿಲ್ಲಿಸಿದಳು. "ಸಳಿ" ಎಂದಳು. ಅಂಬರೀಷ ಬಗ್ಗಿ ಟಾರ್ಚು ಬಿಟ್ಟು ನೋಡಿದ. ಬಿಟ್ಟಿನ ತುದಿ ಸರಳನ್ನು ಬರೀ ಸೋಕಿತ್ತು. ತೂತನ್ನು ಎರಡು ಬೆರಳು ಪಕ್ಕಕ್ಕೆ ಸರಿಸಿದರು. ಅರ್ಧ ಗಂಟೆಗೊಮ್ಮೆ ಆಕೆ ಮಷಿನ್ನು ಕೆಳಗಿಟ್ಟು ಕೈ ಕೊಡವಿ, ಬೆರಳುಗಳನ್ನು ಒಂದೊಂದಾಗಿ ಮಡಚಿ ಬಿಡಿಸಿ ನೋಡಿಕೊಳ್ಳುತ್ತಿದ್ದಳು.

ಎರಡನೆಯ ದಿನ ಶಿವಯೋಗೀಶ ತಡೆಯಲಾರದೆ ಹೊರಗೆ ಬಂದ. ಪಟ್ಟಿ ಹಾಕಿದ ಕೈಯನ್ನು ಕೊರಳಿಗೆ ಜೋಲಿ ಕಟ್ಟಿಕೊಂಡಿದ್ದ. "ಲಗೂ ಲಗೂ ಹೊಡಿ ಅಂತ ಹೇಳೋ ಆಕಿಗೆ" ಎಂದ ನನಗೆ. ಶೇವಂತೆವ್ವ ಮಷಿನ್ನು ನಿಲ್ಲಿಸಿದಳು. ಪ್ಲಗ್ಗು ಕಿತ್ತು ಮೆಟ್ಟಿಲ ಮೇಲೆ ಹೋಗಿ ಕೂತಳು.

"ಯಾಕ ನಿಂತಳು?" ಎಂದ ಅವನು.

ಆ ಸಲ ನಾನು ಹಲ್ಲು ಕಿರಿಯಲಿಲ್ಲ. "ನೀವು ನಿಂತೀರಿ ಅಂತ" ಎಂದೆ.

ಒಳಗಿನಿಂದ ಭಾಗ್ಯಶ್ರೀ ಬಂದಳು. "ಒಳಗ ನಡೀರಿ" ಎಂದಳು. ಅವನು ಏನೋ ಹೇಳಹೋದ. "ಒಳಗ ನಡೀರಿ ಅಂದೆ" ಎಂದಳು ಮತ್ತೆ, ದನಿ ಏರಿಸದೆ. ಅವನು ಹೋದ. ಶೇವಂತೆವ್ವ ಎದ್ದು ಪ್ಲಗ್ಗು ಹಾಕಿದಳು.

ಕಂಬ ಗಟ್ಟಿಯಾಯಿತು. ಟೀಚರ್ ಒಂದೂವರೆ ತಿಂಗಳ ಮೇಲೆ ತಿರುಗಿ ಬಂದರು, ಪಾಠ ಮತ್ತೆ ಶುರುವಾಯಿತು. ಸುತ್ತಲೂ ಹೊಸ ಕಾಂಕ್ರೀಟು ಹಾಕಿದ್ದರಿಂದ ಕಂಬ ಪ್ರತಿ ಕಡೆಗೂ ನಾಲ್ಕು ಇಂಚು ದಪ್ಪವಾಗಿತ್ತು. ದೊಡ್ಡ ಕಾರು ಈಗ ಒಳಗೇ ಹಿಡಿಸುವುದಿಲ್ಲ, ರಸ್ತೆಯ ಮೇಲೆ ಬಿಸಿಲಲ್ಲಿ ನಿಲ್ಲುತ್ತದೆ. ಕೇಳಿದವರಿಗೆ ಶಿವಯೋಗೀಶ ಹೇಳುವುದೇನು ಗೊತ್ತೆ? ಹಳೆಯ ಕಂಬದಲ್ಲಿ ದೋಷವಿತ್ತಂತೆ, ತಾನು ಕೆತ್ತಿ ಅದನ್ನು ಪತ್ತೆ ಹಚ್ಚಿದನಂತೆ, ಇಲ್ಲದಿದ್ದರೆ ಮನೆಯೇ ಬೀಳುತ್ತಿತ್ತಂತೆ. ತನ್ನ ತಂದೆ ನಿಂತು ಕಟ್ಟಿಸಿದ ಕಂಬದ ಬಗ್ಗೆ ಹೀಗೆ ಹೇಳುತ್ತಾನೆ. ಹೇಳುವಾಗ ಸೊಟ್ಟಗೆ ಕೂಡಿಕೊಂಡ ಆ ಮಣಿಕಟ್ಟನ್ನು ಪದಕದಂತೆ ಎತ್ತಿ ತೋರಿಸುತ್ತಾನೆ. ಕೆಲವರು ನಂಬುತ್ತಾರೆ ಕೂಡ.

ಕಳೆದ ವಾರ ಶೇವಂತೆವ್ವ ನನ್ನ ಜೊತೆ ಒಂದು ಸರ್ಕಾರಿ ಶಾಲೆಯ ಕೆಲಸಕ್ಕೆ ಬಂದಿದ್ದಳು. ಶಿವಯೋಗೀಶನ ಹೊಸ ಕಥೆಯನ್ನು ಆಕೆಗೆ ಹೇಳಿದೆ, ಸಿಟ್ಟು ಮಾಡಿಕೊಳ್ಳಬಹುದೆಂದು. ಆಕೆ ಗೋಡೆಗೆ ಕಿವಿಗೊಟ್ಟು ಸುತ್ತಿಗೆಯಿಂದ ತಟ್ಟುತ್ತಿದ್ದಳು.

"ಯಾರು?" ಎಂದಳು.

"ಅಂವಾ ಅಕ್ಕಾ, ದೇಶಪಾಂಡೆ ನಗರದಾಗ ಕೈ ಮುರಕೊಂಡನಲ್ಲ. ಕಾಲಂ."

"ಹಾಂ, ಕಾಲಂ ನೆನಪೈತಿ. ಕಟ್ಟಿಸಿದವ್ರು ರಿಂಗ್ ಭಾಳ ಛಲೋ ಹಾಕಿಸಿದ್ರು, ಅದಕ್ಕ ನಿಂತ್ತು" ಎಂದಳು. ಒಂದು ಕಡೆ ಸೀಮೆಸುಣ್ಣದಿಂದ ಗುರುತು ಹಾಕಿ ನನ್ನತ್ತ ತಿರುಗಿದಳು. "ಆ ವೈರಿನ ಸುರುಳಿ ಪೂರ್ತಿ ಬಿಚ್ಚು ತಮ್ಮಾ. ಎಷ್ಟ ಸಲ ಹೇಳಬೇಕು ನಿನಗ?"